ಗುಡ್ಡ ಹತ್ತಿದ ಮೇಲೆ ತಾತನ ನಾಡಿ

ಹನುಮಂತನಗರ, ಬೆಂಗಳೂರು
19 ಜನವರಿ 2025, ಭಾನುವಾರ

ಅಪ್ಪಾ,

ಹೆಂಗಿದ್ದೀಯಾ? ಸೊಂಟ ನೋವು ಕಮ್ಮಿ ಆಯ್ತಾ? ಇಡೀ ದಿನ ಕ್ರೇನ್ ಸೀಟಲ್ಲಿ ಕೂತ್ರೆ ಸೊಂಟ ಹೋಗ್ದೆ ಇನ್ನೇನು ಹೋಗತ್ತೆ. ಅಮ್ಮ ಕಳ್ಸಿದ್ದ ನೋವಿನ ಎಣ್ಣೆ ಹಚ್ಕೋತಿದ್ಯೋ ಇಲ್ಲ ಸೀಲ್ ಕೂಡ ಬಿಚ್ಚಿಲ್ವೋ? ಇಲ್ಲಿ ಎಲ್ಲಾ ಚೆನ್ನಾಗಿದ್ದೀವಿ. ಅಮ್ಮಂಗೆ ನೆಗಡಿ ಆಗಿತ್ತು, ಹೋಯ್ತು. ಸಂಕ್ರಾಂತಿ ಮುಗೀತು. ಎಳ್ಳು ಬೆಲ್ಲ, ಚಟ್ನಿಪುಡಿ, ಈ ಲೆಟರ್ ಮೂರೂ ಭೀಮೇಶಣ್ಣನ ಕೈಲಿ ಕೊಡ್ತಿದ್ದೀನಿ. ರಜಾ ಮುಗ್ಸಿ ಮಂಗಳವಾರದ ಫ್ಲೈಟಿಗೆ ಮಸ್ಕತ್‌ಗೆ ವಾಪಸ್ ಬರ್ತಾನೆ, ಒಂದೇ ರೂಮಲ್ಲಿ ಇರೋರು, ಕೈಗೇ ಕೊಡ್ತಾನೆ. ಈ ಕಾಲದಲ್ಲಿ ಲೆಟರ್ ಯಾರೋ ಬರೀತಾರೆ ಅಂತ ನಕ್ಕ. ನಾನ್ ಹೇಳಿದೆ, ಫೋನಲ್ಲಿ ನಾನು ಬಾಯಿ ಬಿಟ್ರೆ ನಮ್ಮಪ್ಪ ಕಟ್ ಮಾಡ್ತಾನೆ, ಪೇಪರನ್ನ ಕಟ್ ಮಾಡಕ್ಕಾಗಲ್ಲ ಅಂತ. ಹರಿದು ಹಾಕ್ಬೋದು ಅಂತೀಯಾ? ಹರಿ. ಭೀಮೇಶಣ್ಣನ ಫೋನಲ್ಲಿ ಇದರ ಫೋಟೋ ಇರತ್ತೆ. ದಿನಾ ರಾತ್ರಿ ಊಟದ ಹೊತ್ತಲ್ಲಿ ಜೋರಾಗಿ ಓದ್ತೀನಿ ಅಂತ ಮಾತು ಕೊಟ್ಟಿದ್ದಾನೆ.

ಮೊದ್ಲೇ ಹೇಳ್ಬಿಡ್ತೀನಿ, ಅವತ್ತು ಫೋನಲ್ಲಿ ಅಂದಿದ್ದಕ್ಕೆ ಸಾರಿ ಕೇಳಕ್ಕೆ ಬರೀತಿಲ್ಲ. ಅಲ್ಲಿ ಕೂತ್ಕೊಂಡು ಇಲ್ಲಿ ತಾತನ ಕಾಲು ಕಟ್ಟಬೇಡ ಅಂದೆ, ಈಗ್ಲೂ ಅದನ್ನೇ ಅಂತೀನಿ. ನೀನು ಎರಡು ಆರ್ಡರ್ ಹಾಕ್ದೆ. ತಾತ ಇನ್ಮೇಲೆ ಗುಡ್ಡ ಹತ್ತಂಗಿಲ್ಲ. ಬರೋ ಭಾನುವಾರ ಲತಾಮಣಿ ಅತ್ತೆ ಕಾರ್ ತಗೊಂಡು ಬಂದು ತಾತನ್ನ ಹುಳಿಮಾವಿನ ಅವ್ರ ಫ್ಲಾಟಿಗೆ ಕರ್ಕೊಂಡ್ ಹೋಗ್ಬೇಕು, ಅಲ್ಲಿ ಲಿಫ್ಟ್ ಇದೆ, ಒಂದು ಮೆಟ್ಟಿಲು ಕೂಡ ಹತ್ತಂಗಿಲ್ಲ. ಅತ್ತೆ ಆಗ್ಲೇ ರೂಮ್ ರೆಡಿ ಮಾಡಿದ್ದಾರಂತೆ, ಟಿವಿ ಬೇರೆ ಹಾಕ್ಸಿದ್ದಾರಂತೆ. ತಾತ ಯಾವತ್ತಪ್ಪ ಟಿವಿ ನೋಡಿದ್ರು? ಪಾರ್ಕಲ್ಲಿ ಮಾಲಿ ಕೆಲಸ ಮಾಡಿ ರಿಟೈರ್ ಆದ ಮನುಷ್ಯ. ಗುಡ್ಡದ ಇಳಿಜಾರಲ್ಲಿ ಎರಡು ಬೇವಿನ ಗಿಡ ನೆಟ್ಟು ದಿನಾ ಬಾಟ್ಲಲ್ಲಿ ನೀರು ಹೊತ್ಕೊಂಡ್ ಹೋಗಿ ಮರ ಮಾಡಿದ್ದಾರೆ. ಅಂಥವ್ರನ್ನ ತಗೊಂಡ್ಹೋಗಿ ಸೋಫಾ ಮೇಲೆ ಇಡ್ತೀಯಾ. ನಿನ್ನ ಆರ್ಡರ್ ಬಂದಾಗಿಂದ ತಾತ ಬಾಗ್ಲ ಹತ್ರ ಸ್ಟೂಲ್ ಹಾಕ್ಕೊಂಡು ಕೂತವ್ರು ಊಟಕ್ಕೆ ಮಾತ್ರ ಏಳ್ತಾರೆ. ದಿನಾ ಜೊತೆಗೆ ಗುಡ್ಡ ಹತ್ತೋ ಗುಂಡಣ್ಣ ತಾತ ಬೆಳಿಗ್ಗೆ ಬೀದಿಯಿಂದ ಶಿಳ್ಳೆ ಹೊಡೀತಾರೆ, ಬಾರಯ್ಯಾ ಹನುಮಯ್ಯ ಅಂತಾರೆ. ತಾತ ಕೈ ಆಡ್ಸಿ ಹೋಗು ಹೋಗು ಅಂತಾರೆ.

ಇದಕ್ಕೆಲ್ಲ ಕಾರಣ ಸಮನ್ವಿತಾ ಗ್ರಾಫ್ ಅಂತ ಅವಳ ಮೇಲೂ ಎಗರಾಡ್ದೆ. ನಿನ್ನ ಮಗಳು ಏನು ಮಾಡಿದ್ಲು ಅಂತ ನೀನು ಪೂರ್ತಿ ಕೇಳ್ಲೇ ಇಲ್ಲ. ಸೆಕೆಂಡ್ ಪಿಯು ಮ್ಯಾತ್ಸಿಗೆ ಒಂದು ಪ್ರಾಜೆಕ್ಟ್ ಕೊಡ್ಬೇಕಿತ್ತು. ಅವಳ ಕ್ಲಾಸಲ್ಲಿ ಮುಕ್ಕಾಲು ಪಾಲು ಜನ ನೆಟ್ಟಿಂದ ಇಳಿಸಿ ಬಣ್ಣದ ಪೆನ್ನಲ್ಲಿ ಕಾಪಿ ಮಾಡಿದ್ರು. ನಮ್ಮವಳು ಮಾತ್ರ, ಮನುಷ್ಯ ಏದುಸಿರು ಬಿಟ್ಕೊಂಡು ಬಂದು ನಿಂತ ಮೇಲೆ ನಾಡಿ ಹೆಂಗೆ ಇಳಿಯತ್ತೆ, ಅದನ್ನ ಒಂದು ಫಂಕ್ಷನ್ ಬರ್ದು ಹಿಡಿಯಕ್ಕಾಗತ್ತಾ ಅಂತ ಹೊರಟಳು. ಕೊರೊನಾ ಟೈಮಲ್ಲಿ ತಂದಿದ್ವಲ್ಲ, ಬೆರಳಿಗೆ ಕಚ್ಚಿಸೋ ಮಿಷಿನ್, ಅದಕ್ಕೆ ಹೊಸ ಸೆಲ್ ಹಾಕಿದ್ಲು. ಆಮೇಲೆ ಬಿಟ್ಟಿ ಸಿಗೋ ಮೂರು ಜನರನ್ನ ಹಿಡಿದ್ಲು. ತಾತ, ಗುಂಡಣ್ಣ ತಾತ, ನಾನು. ಡಿಸೆಂಬರ್ ಪೂರ್ತಿ ಪ್ರತಿ ಭಾನುವಾರ ಬೆಳಿಗ್ಗೆ ರಾಮಾಂಜನೇಯ ಗುಡ್ಡ ಹತ್ಸೋದು, ಮೇಲೆ ಹೋದ ತಕ್ಷಣ ವಾರಕ್ಕೊಬ್ರಂತೆ ಮಿಷಿನ್ ಹಾಕಿ ನಿಮಿಷ ನಿಮಿಷಕ್ಕೂ ನಾಡಿ ಬರ್ಕೊಳ್ಳೋದು. ನನ್ನನ್ನ ಓಡಿಸ್ತಿದ್ಲು, ತಾತಂದಿರು ನಡ್ಕೊಂಡು ಬರೋರು. ಗುಂಡಣ್ಣ ತಾತ, ‘ಈ ಹುಡುಗಿ ನಮ್ಮನ್ನ ಸಾಯ್ಸಿ ಪಾಸ್ ಆಗ್ತಾಳೆ ಕಣೋ’ ಅನ್ನೋರು. ಆದ್ರೂ ಎಲ್ರಿಗಿಂತ ಮುಂಚೆ ಅವ್ರೇ ಹಾಜರ್.

ಆ ಫಂಕ್ಷನ್ ಏನು ಅಂತ ನಂಗೂ ಗೊತ್ತಿರ್ಲಿಲ್ಲ. ಒಂಬತ್ತನೇ ಕ್ಲಾಸಲ್ಲಿ ಮ್ಯಾತ್ಸ್ ಸರ್ ಬೆಂಚ್ ಮೇಲೆ ನಿಲ್ಸಿದ್ರು, ನಾನು ಬೆಂಚಿಂದ ಇಳಿದೆ, ಸ್ಕೂಲಿಂದಾನೂ ಇಳಿದೆ, ಅದು ನಿಂಗೆ ಗೊತ್ತು. ಸಮನ್ವಿತಾ ತೋರ್ಸಿದ್ರಲ್ಲಿ ಇ ಅಂತ ಒಂದು ಅಕ್ಷರ, ಅದರ ತಲೆ ಮೇಲೆ ಮೈನಸ್ಸು, ಇನ್ನೇನೋ. ನಂಗೆ ಬೇಡಮ್ಮ ಅಂದೆ. ಅವಳು ಬಿಡ್ಲಿಲ್ಲ, ಐವತ್ತಡಿ ರೋಡಿನ ನಮ್ಮ ಪಂಕ್ಚರ್ ಅಂಗಡಿಗೇ ಬಂದು ಟೈರ್ ಮೇಲೆ ಕೂತ್ಲು. ‘ಅಣ್ಣ, ಫುಲ್ ಗಾಳಿ ಇರೋ ಟ್ಯೂಬಿಗೆ ಸಣ್ಣ ತೂತಾದ್ರೆ ಗಾಳಿ ಒಂದೇ ಸ್ಪೀಡಲ್ಲಿ ಹೋಗತ್ತಾ?’ ಅಂದ್ಲು. ಹೆಂಗ್ ಹೋಗತ್ತೆ, ಮೊದ್ಲು ಬುಸ್ ಅನ್ನತ್ತೆ, ಆಮೇಲೆ ಬರ್ತಾ ಬರ್ತಾ ಸುಸ್ತಾಗತ್ತೆ, ಕೊನೇಲಿ ಕಿವಿ ಇಟ್ರೂ ಕೇಳ್ಸಲ್ಲ ಅಂದೆ. ‘ಅಷ್ಟೇ’ ಅಂದ್ಲು. ಎಷ್ಟು ಜಾಸ್ತಿ ಮಿಕ್ಕಿದ್ಯೋ ಅದರಲ್ಲಿ ಒಂದು ಪಾಲು ಈ ನಿಮಿಷ ಹೋಗತ್ತೆ, ಉಳಿದಿದ್ರಲ್ಲಿ ಅದೇ ಪಾಲು ಮುಂದಿನ ನಿಮಿಷ. ನಾಡೀನೂ ಹಂಗೇ ಇಳಿಯತ್ತಂತೆ. ಅದಕ್ಕೆ ಬೇಕಾಗಿರೋದು ಮೂರೇ ನಂಬರ್. ಎಲ್ಲಿಂದ ಶುರು, ಎಷ್ಟು ಬೇಗ ಇಳಿಯತ್ತೆ, ಎಲ್ಲಿ ಹೋಗಿ ನಿಲ್ಲತ್ತೆ. ಇಷ್ಟು ಗೊತ್ತಾದ್ರೆ ಮುಂದಿನ ನಿಮಿಷದ ನಾಡಿ ಮೊದ್ಲೇ ಹೇಳ್ಬೋದು. ಅಪ್ಪಾ, ಅವತ್ತು ನಂಗೆ ಇದನ್ನ ಹಿಂಗ್ ಹೇಳಿದ್ರೆ ಬೆಂಚಿಂದ ಇಳಿತಿರ್ಲಿಲ್ವೇನೋ. ಇರ್ಲಿ, ಅದು ಬೇರೆ ಕಥೆ.

ಎಡವಟ್ಟಾಗಿದ್ದು ಆ ಮೂರನೇ ನಂಬರಲ್ಲಿ. ಮನೇಲಿ ಸುಮ್ನೆ ಕೂತಿದ್ರೆ ತಾತನ ನಾಡಿ ಎಪ್ಪತ್ತು. ಗುಡ್ಡದ ಮೇಲೆ ನೂರಾಹದಿನೆಂಟರಿಂದ ಶುರುವಾಗಿ, ಇಳಿದು ಇಳಿದು, ನೂರಾಎರಡರ ಹತ್ರ ಬಂದು ಅಲ್ಲೇ ಅಂಟ್ಕೊಂಡಿತ್ತು. ಹತ್ತು ನಿಮಿಷ ಆದ್ರೂ ಅಲ್ಲೇ. ಅಮ್ಮಂಗೆ ಅದೆಲ್ಲ ಏನು ಗೊತ್ತು, ಮಗಳು ಗ್ರಾಫ್ ಬರ್ದಿದ್ದಾಳೆ, ಮೇಲೆ ಮಾವನ ಹೆಸರಿದೆ ಅಂತ ಖುಷೀಲಿ ತಾತನ ಹಾಳೆ ಒಂದನ್ನ ಮಾತ್ರ ಫೋಟೋ ತೆಗ್ದು ಗ್ರೂಪಿಗೆ ಹಾಕಿದ್ಲು. ಅತ್ತೆ ಅದನ್ನ ಪಕ್ಕದ ಫ್ಲಾಟಿನವ್ರಿಗೆ ತೋರ್ಸಿದ್ರು, ಅವ್ರು ಹಾರ್ಟ್ ರಿಕವರಿ ಆಗ್ತಿಲ್ಲ ಕಣ್ರೀ ಅಂದ್ರು, ಅತ್ತೆ ನಿಂಗೆ ಫೋನ್ ಮಾಡಿ ಅತ್ರು, ನೀನು ನಮಗೆ ಫೋನ್ ಮಾಡಿ ಕಿರುಚಿದೆ. ಸ್ಟೆಂಟ್ ಹಾಕಿರೋ ಮನುಷ್ಯನ್ನ ಗುಡ್ಡ ಹತ್ಸಿ ಆಟ ಆಡ್ತಿದ್ದೀರಾ ಅಂದೆ. ಸಮನ್ವಿತಾ ಎರಡು ದಿನ ಸರಿಯಾಗಿ ಊಟ ಮಾಡ್ಲಿಲ್ಲ. ತಾತನ ಮುಂದೆ ಹೋಗಿ ನಿಲ್ಲಕ್ಕೂ ನಾಚ್ಕೊಂಡ್ಲು.

ನಾನು ಸುಮ್ನಿರ್ತೀನಾ. ಅಂಗಡಿ ಬಟ್ಟೇಲೇ ಅವಳ ಕಾಲೇಜಿಗೆ ನುಗ್ಗಿದೆ. ವಾಚ್‌ಮನ್ ತಡೆದ, ಪೇರೆಂಟ್ಸ್ ಮೀಟಿಂಗ್ ಅಂದೆ. ನನ್ನ ಮುಖ ನೋಡಿ ಇವನು ಯಾರ ಪೇರೆಂಟ್ ಅಂತ ತಲೆ ಕೆರ್ಕೊಂಡ. ಮ್ಯಾತ್ಸ್ ಮೇಡಂ ರೂಮಿಗೆ ಹೋಗಿ, ನಿಮ್ಮ ಪ್ರಾಜೆಕ್ಟಿಂದ ನಮ್ಮ ತಾತನ್ನ ಮನೇಲಿ ಕೂಡಿ ಹಾಕಿದ್ದಾರೆ, ಏನ್ ಮಾಡ್ತೀರಾ ಅಂತ ಕೇಳಿದೆ. ಪುಣ್ಯಾತ್ಗಿತ್ತಿ ಬೈಲಿಲ್ಲ. ಕೂತ್ಕೋ ಅಂದ್ರು, ಕೂರಲ್ಲ ಅಂದೆ, ಸರಿ ನಿಂತ್ಕೋ ಅಂದ್ರು. ಸಮನ್ವಿತಾನ ಕ್ಲಾಸಿಂದ ಕರ್ಸಿ ಮೂರೂ ಹಾಳೆ ಮೇಜಿನ ಮೇಲೆ ಪಕ್ಕ ಪಕ್ಕ ಇಡಿಸಿದ್ರು. ಆಗ ನಂಗೂ ಕಾಣ್ತು. ನಾನು ಓಡಿ ಹೋದವನು, ನನ್ನ ಗೆರೆ ನೂರಾ ಅರವತ್ತರ ಮೇಲಿಂದ ಬಿದ್ದಿದೆ, ತಾತಂದಿರದು ಅಷ್ಟು ಎತ್ತರ ಇಲ್ಲ. ಆದ್ರೆ ಕೆಳಗೆ ಬಂದು ನಿಂತಿರೋದು ಮೂರೂ ಹೆಚ್ಚುಕಮ್ಮಿ ಒಂದೇ ಮಟ್ಟದಲ್ಲಿ. ‘ಮೂರು ಜನರ ಹಾರ್ಟೂ ಒಂದೇ ಥರ ಕೆಟ್ಟಿರತ್ತಾ?’ ಅಂದ್ರು ಮೇಡಂ. ಮಿಷಿನ್ ಪ್ರಾಬ್ಲಮ್ ಅಂದ್ಕೊಂಡೆ ಮೇಡಂ, ಅದಕ್ಕೆ ಹೇಳ್ಲಿಲ್ಲ ಅಂದ್ಲು ಇವಳು. ‘ಮೇಲೆ ಹೋದ್ಮೇಲೆ ಇವ್ರು ಏನ್ ಮಾಡ್ತಿದ್ರು?’ ಅಂದ್ರು. ‘ರೆಸ್ಟ್ ಮಾಡ್ತಿದ್ರು.’ ‘ಎಲ್ಲಿ ಕೂತಿದ್ರು?’ ‘ಕೂತಿರ್ಲಿಲ್ಲ ಮೇಡಂ, ಗುಡಿಗೆ ಪ್ರದಕ್ಷಿಣೆ ಹಾಕ್ತಿದ್ರು’ ಅಂದವಳು ಬಾಯಿ ಮುಚ್ಚೋದು ಮರ್ತು ಹಂಗೇ ನಿಂತ್ಳು.

ನೀನೇ ಹೇಳಪ್ಪ, ಗುಡ್ಡ ಹತ್ತಿ ಬಂದು ಯಾರಾದ್ರೂ ದೇವ್ರಿಗೆ ಬೆನ್ನು ಹಾಕಿ ಧೊಪ್ ಅಂತ ಕೂತ್ಕೋತಾರಾ? ಚಪ್ಲಿ ಬಿಡೋದು, ಗಂಟೆ ಹೊಡೆಯೋದು, ಸುತ್ತು ಹಾಕೋದು. ತಾತಂದು ಯಾವತ್ತೂ ಹನ್ನೊಂದು ಸುತ್ತು. ಬೆರಳಲ್ಲಿ ಮಿಷಿನ್ ಕಚ್ಕೊಂಡೇ ಸುತ್ತು ಹಾಕ್ತಿದ್ರು, ಹಿಂದೆ ಗುಂಡಣ್ಣ ತಾತ, ಅವ್ರ ಹಿಂದೆ ನಾನು. ಸಮನ್ವಿತಾನೂ ನಮ್ಮ ಜೊತೆಗೇ ನಡೀತಾ, ಮಿಷಿನಲ್ಲಿ ಬಂದಿದ್ದನ್ನ ಬರ್ಕೊಂಡು, ಮಧ್ಯೆ ಮಧ್ಯೆ ಕೈ ಮುಗೀತಿದ್ಲು. ಒಬ್ಬರಿಗೂ ಹೊಳೀಲಿಲ್ಲ ಅದು ನಡಿಗೆ ಅಂತ. ನಮಗೆ ಅದು ದೇವ್ರ ಕೆಲ್ಸ, ಆಯಾಸ ಹೆಂಗಾಗತ್ತೆ. ಕಾಲು ನಡೀತಾ ಇದ್ರೆ ನಾಡಿ ಎಪ್ಪತ್ತಕ್ಕೆ ಎಲ್ಲಿಂದ ಬರತ್ತೆ? ಅದು ನಡೆಯೋ ಮನುಷ್ಯನ ನಾಡಿಗೆ ಬಂದು ನಿಂತಿತ್ತು, ಅಷ್ಟೇ. ತಾತನ ಹಾರ್ಟ್ ಸರಿಯಾಗೇ ಲೆಕ್ಕ ಕೊಟ್ಟಿತ್ತು, ನಾವು ಅದಕ್ಕೆ ತಪ್ಪು ಪ್ರಶ್ನೆ ಕೇಳಿದ್ವಿ. ಇದು ಮೇಡಂ ಅಂದ ಮಾತು, ನಂದಲ್ಲ. ಚೆನ್ನಾಗಿತ್ತು ಅಂತ ಬರ್ದೆ.

ಆದ್ರೆ ಮೇಡಂ ಇನ್ನೊಂದು ಮಾತೂ ಹೇಳಿದ್ರು. ಇದನ್ನ ಇಟ್ಕೊಂಡು ತಾತ ಹತ್ತಬೋದು ಹತ್ತಬಾರ್ದು ಅಂತ ನೀವು ತೀರ್ಮಾನ ಮಾಡ್ಬೇಡಿ, ಸ್ಟೆಂಟ್ ಹಾಕಿದ ಡಾಕ್ಟ್ರ ಹತ್ರ ಹೋಗಿ ಅಂದ್ರು. ಅದೇ ವಾರ ಅಮ್ಮ, ನಾನು, ಸಮನ್ವಿತಾ ಮೂರೂ ಜನ ತಾತನ್ನ ಡಾಕ್ಟರ್ ರವಿಕಿರಣ್ ಹತ್ರ ಕರ್ಕೊಂಡ್ ಹೋದ್ವಿ. ಅವ್ರು ಗ್ರಾಫ್ ನೋಡಿ ನಗಲಿಲ್ಲ, ಅದು ನಂಗೆ ಇಷ್ಟ ಆಯ್ತು. ಬೆರಳಿನ ಮಿಷಿನ್ ನಡೀವಾಗ ಅಷ್ಟು ನಂಬಕ್ಕಾಗಲ್ಲ, ಟ್ರೆಡ್‌ಮಿಲ್ ಟೆಸ್ಟ್ ಮಾಡೇ ಹೇಳ್ತೀನಿ ಅಂದ್ರು. ಪಂಚೇಲಿ ಮಾಡಕ್ಕಾಗಲ್ಲ ಅಂದ್ರು ಅಂತ ತಾತಂಗೆ ನನ್ನ ಟ್ರ್ಯಾಕ್ ಪ್ಯಾಂಟ್ ಹಾಕ್ಸಿದ್ವಿ. ಎದೆ ತುಂಬಾ ವೈರು, ಕಾಲಿಗೆ ನನ್ನ ಶೂ, ಸಖತ್ತಾಗಿದ್ರು. ಬೆಲ್ಟ್ ಓಡಕ್ಕೆ ಶುರುವಾದಾಗ ಆ ಟೆಕ್ನಿಷಿಯನ್ ಅಕ್ಕಂಗೆ ಕೇಳ್ತಾರೆ, ‘ಎಷ್ಟೊತ್ತು ನಡೆದ್ರೂ ಇಲ್ಲೇ ಇರ್ತೀನಲ್ಲಮ್ಮ, ಇದನ್ನ ಯಾಕೆ ಕಂಡುಹಿಡಿದ್ರು?’ ಆಯಕ್ಕ ನಗೋದು ನಿಲ್ಸಕ್ಕೆ ಗೋಡೆ ಕಡೆ ತಿರುಗಿದ್ರು. ಬೆಲ್ಟಿನ ಮುಂಭಾಗ ಎತ್ತಿದ್ರು, ಸ್ಪೀಡ್ ಜಾಸ್ತಿ ಮಾಡಿದ್ರು. ಎಪ್ಪತ್ತೊಂದು ವರ್ಷದ ಮನುಷ್ಯ ಅಪ್ಪಾ, ಸಾಕು ಅಂತ ಒಂದ್ಸಲಾನೂ ಅನ್ನಲಿಲ್ಲ. ಕೊನೆಗೆ ಡಾಕ್ಟ್ರೇ ಸಾಕು ಅಂದ್ರು.

ಈಗ ಕೇಳು ನಿನ್ನ ಮಗಳ ಕೆಲ್ಸ. ತಾತನ್ನ ಇಳಿಸಿ ಕುರ್ಚೀಲಿ ಕೂರಿಸ್ತಾ ಇದ್ದಂಗೆ ಅವಳು ಸ್ಕ್ರೀನಲ್ಲಿ ನಾಡಿ ನೂರಾಇಪ್ಪತ್ತು ಇರೋದನ್ನ ನೋಡಿದ್ಲು. ಇಳಿಯೋ ಸ್ಪೀಡ್ ಗುಡ್ಡದಲ್ಲಿ ಸಿಕ್ಕಿದ್ದೇ ತಗೊಂಡ್ಲು, ನಿಲ್ಲೋ ಜಾಗಕ್ಕೆ ಈ ಸಲ ಎಪ್ಪತ್ತು ಹಾಕಿದ್ಲು, ಅಂಗೈ ಮೇಲೆ ಪೆನ್ನಲ್ಲಿ ಲೆಕ್ಕ ಹಾಕಿ ಡಾಕ್ಟ್ರಿಗೆ ತೋರ್ಸಿದ್ಲು. ಮೂರನೇ ನಿಮಿಷಕ್ಕೆ ಎಂಬತ್ತೊಂದು ಬರತ್ತೆ ಸಾರ್ ಅಂದ್ಲು. ಡಾಕ್ಟ್ರು ಹುಬ್ಬು ಏರ್ಸಿ, ನೋಡೋಣ್ವಾ ಅಂದ್ರು. ಆ ಮೂರು ನಿಮಿಷ ನನ್ನ ನಾಡಿ ಅಳೀಬೇಕಿತ್ತು. ತಾತ ಒಬ್ರೇ ಆರಾಮಾಗಿ, ನಾನು ಸರಿಯಾಗಿ ಉಸಿರಾಡ್ತಿದ್ದೀನಾ ಮಗು ಅಂತ ಅವಳನ್ನೇ ಕೇಳ್ತಾ ಕೂತಿದ್ರು. ಮೂರನೇ ನಿಮಿಷಕ್ಕೆ ಎಂಬತ್ನಾಲ್ಕು ಬಂತು. ಮೂರು ತಪ್ಪಾಯ್ತಲ್ಲ ಅಂತ ಇವಳ ಮುಖ ಬಾಡ್ಹೋಯ್ತು. ಗೂಬೆ, ಒಬ್ಬ ಮನುಷ್ಯನ ಎದೆ ಇನ್ನು ಮೂರು ನಿಮಿಷಕ್ಕೆ ಏನ್ ಮಾಡತ್ತೆ ಅಂತ ಮೊದ್ಲೇ ಹೇಳ್ದೆ, ಮೂರಕ್ಕೆ ಅಳ್ತೀಯಾ ಅಂದೆ. ಡಾಕ್ಟ್ರು ಅವಳ ಕೈ ಹಿಡಿದು ಅಂಗೈ ಮೇಲಿನ ಲೆಕ್ಕ ಇನ್ನೊಂದ್ಸಲ ಓದಿದ್ರು. ಚೆನ್ನಾಗಿ ಓದಮ್ಮ ಅಂದ್ರು. ನಾನು ಅಳೋನಲ್ಲ, ನಿಂಗೆ ಗೊತ್ತು. ಹೊರಗೆ ಹೋಗಿ ನೀರು ಕುಡ್ಕೊಂಡ್ ಬಂದೆ.

ಡಾಕ್ಟ್ರು ಹೇಳಿದ್ದು ಇದು, ಅಕ್ಷರ ಬಿಡ್ದೆ ಓದು. ಹತ್ತಬೋದು. ನಿಧಾನಕ್ಕೆ ಹತ್ತಬೇಕು, ಮಧ್ಯೆ ನಿಂತು ಸುಧಾರಿಸ್ಕೋಬೇಕು, ಜೊತೆಗೆ ಒಬ್ರು ಇರ್ಬೇಕು, ಮಾತ್ರೆ ತಪ್ಪಿಸಂಗಿಲ್ಲ. ಎದೆ ಹಿಡ್ಕೊಂಡಂಗೆ ಆದ್ರೆ ಅಲ್ಲೇ ನಿಂತು ಫೋನ್ ಮಾಡ್ಬೇಕು. ಆ ಪ್ರದಕ್ಷಿಣೆ ಮಾತ್ರ ಬಿಡ್ಬೇಡಿ, ಹತ್ತಿ ಬಂದ ತಕ್ಷಣ ದಢಕ್ಕಂತ ಕೂರೋದಕ್ಕಿಂತ ಹಂಗೆ ನಿಧಾನಕ್ಕೆ ನಡೆಯೋದೇ ಒಳ್ಳೇದು ಅಂದ್ರು. ತಾತ ನಮ್ಮ ಕಡೆ ತಿರುಗಿ ನೋಡಿದ್ರಲ್ಲ, ಆ ನೋಟ ನೀನು ನೋಡ್ಬೇಕಿತ್ತು. ರಿಪೋರ್ಟ್ ಜೆರಾಕ್ಸ್ ಎಳ್ಳಿನ ಡಬ್ಬದ ಜೊತೆ ಇಟ್ಟಿದ್ದೀನಿ. ಅಮ್ಮ ಇದನ್ನೆಲ್ಲ ನಿಂಗೆ ಫೋನಲ್ಲಿ ಹೇಳಕ್ಕೆ ಹೋದ್ರೆ, ಅವನು ಹೇಳ್ಕೊಟ್ಟಿದ್ದಾನೆ, ಇಡು ಫೋನು ಅಂದ್ಯಂತೆ. ನಾನು ಡಾಕ್ಟ್ರಿಗೂ ಹೇಳ್ಕೊಡ್ತೀನಾ?

ಸಮನ್ವಿತಾ ಪ್ರಾಜೆಕ್ಟಲ್ಲಿ ತಪ್ಪು ಗ್ರಾಫನ್ನ ಹರಿದು ಹಾಕ್ಬೇಕು ಅಂತಿದ್ಲು. ಮೇಡಂ ಬೇಡ ಅಂದ್ರಂತೆ. ಈಗ ಎರಡೂ ಪಕ್ಕ ಪಕ್ಕ ಅಂಟ್ಸಿದ್ದಾಳೆ, ಗುಡಿ ಸುತ್ತಿದ ನಾಡಿ, ಕುರ್ಚೀಲಿ ಕೂತ ನಾಡಿ. ಕ್ಲಾಸ್ ಮುಂದೆ ನಿಂತು ವಿವರಿಸಿದ್ಲು, ಇಡೀ ಕ್ಲಾಸ್ ತಾತನ ಹೆಸರು ಕಲ್ತಿದೆ. ಫುಲ್ ಮಾರ್ಕ್ಸ್. ನಮ್ಮನೇಲಿ ಮ್ಯಾತ್ಸಲ್ಲಿ ಫುಲ್ ಮಾರ್ಕ್ಸ್ ಅಪ್ಪಾ. ಅಂಗಡಿಗೆ ಬಂದ ಪ್ರತಿ ಕಸ್ಟಮರ್‌ಗೂ ಹೇಳಿದ್ದೀನಿ, ಅರ್ಜೆಂಟ್ ಇದೆ ಅಂದೋರಿಗೆ ಎರಡು ಸಲ ಹೇಳಿದ್ದೀನಿ.

ನೀನು ಯಾಕೆ ಹಂಗೆ ಕಿರುಚಿದೆ ಅಂತ ನಂಗೆ ಗೊತ್ತಿಲ್ಲ ಅಂದ್ಕೋಬೇಡ. ಸ್ಟೆಂಟ್ ಹಾಕೋವಾಗ ನಿಂಗೆ ರಜಾ ಸಿಗ್ಲಿಲ್ಲ, ಆಪರೇಷನ್ ಮುಗಿಯೋ ತನಕ ಅಲ್ಲಿಂದ ಗಳಿಗೆಗೊಂದ್ಸಲ ಫೋನ್ ಮಾಡ್ತಾನೇ ಇದ್ದೆ, ಎತ್ತಿದ್ದು ನಾನೇ. ಫೋನಲ್ಲಿ ನಿನ್ನ ಉಸಿರು ಕೇಳ್ತಿತ್ತು. ಹೆದರ್ಕೊಂಡಿದ್ದೀಯಾ. ಹೆದರ್ಕೊ, ಬೇಡ ಅನ್ನಲ್ಲ. ಆದ್ರೆ ನಿನ್ನ ಹೆದರಿಕೆಗೆ ತಾತನ್ನ ಸ್ಟೂಲ್ ಮೇಲೆ ಕೂರಿಸ್ಬೇಡ.

ಅಮ್ಮ ನಿಂಗೆ ನೆನಪು ಹೇಳು ಅಂದ್ಲು, ಚಟ್ನಿಪುಡಿ ರೂಮಲ್ಲಿ ಎಲ್ರಿಗೂ ಹಂಚಿ ಖಾಲಿ ಮಾಡ್ಬೇಡ ಅಂತಾನೂ ಅಂದ್ಲು. ಸಮನ್ವಿತಾ ಪರೀಕ್ಷೆ ಮುಗಿದ ಮೇಲೆ ಅವಳೇ ಬರೀತಾಳಂತೆ. ಗುಂಡಣ್ಣ ತಾತ ಕೇಳಿದ್ರು ಅಂತ ಹೇಳಕ್ಕೆ ಹೇಳಿದ್ರು. ಬಿಸಿಲಲ್ಲಿ ಹುಷಾರು, ನೀರು ಕುಡಿ, ಸೊಂಟಕ್ಕೆ ಎಣ್ಣೆ ಹಚ್ಕೋ.

ನಿನ್ನ ಮಗ,
ಸುಭಾಷ್

ಇನ್ನೊಂದು ವಿಷ್ಯ ಇದೆ ಅಪ್ಪಾ, ಮರ್ತಿದ್ದಲ್ಲ, ಮೇಲೆ ಬರಿಯಕ್ಕೆ ಆಗ್ಲಿಲ್ಲ ಅಷ್ಟೇ. ಭೀಮೇಶಣ್ಣ ಬಾಗ್ಲಲ್ಲಿ ಗಾಡಿ ಸ್ಟಾರ್ಟ್ ಮಾಡ್ಕೊಂಡು ನಿಂತಿದ್ದಾನೆ, ಬೇಗ ಬರೀತೀನಿ. ತಾತ ಇನ್ನೂ ಹತ್ತಿಲ್ಲ. ಇವತ್ತು ಬೆಳಿಗ್ಗೆ ನಾನೂ ಗುಂಡಣ್ಣ ತಾತನೂ ಎಳ್ಕೊಂಡ್ ಹೋದ್ವಿ, ಮೊದಲನೇ ಮೆಟ್ಟಿಲ ಹತ್ರ ಬಂದು ನಿಂತ್ಬಿಟ್ರು. ಡಾಕ್ಟ್ರು ಹೇಳಿದ್ರಲ್ಲ ತಾತ ಅಂದೆ. ‘ಡಾಕ್ಟ್ರು ಹೇಳಿದ್ರು, ಮಗು ಲೆಕ್ಕ ಹಾಕಿ ಹೇಳ್ತು, ಎಲ್ಲಾ ಸರಿ. ನನ್ನ ಮಗ ಬೇಡ ಅಂದಿದ್ದಾನಲ್ಲೋ. ಅಷ್ಟು ದೂರದಲ್ಲಿ ಅವನು ಹೆದರ್ಕೊಂಡಿರ್ಬೇಕಾದ್ರೆ ನಾನು ಹೆಂಗೋ ಹತ್ಲಿ’ ಅಂದ್ರು. ವಾಪಸ್ ಬಂದು ಸ್ಟೂಲ್ ಮೇಲೆ ಕೂತಿದ್ದಾರೆ. ಅತ್ತೆ ಬಂದ್ರೆ ಒಂದು ಮಾತೂ ಆಡ್ದೆ ಹೋಗ್ತಾರೆ. ಇಲ್ಲಿ ನಂದು ಏನೂ ನಡಿಯಲ್ಲ ಅಪ್ಪಾ, ನಿಂದೇ ನಡಿಯೋದು. ಭಾನುವಾರದೊಳಗೆ ತಾತನ ಫೋನಿಗೆ ನೀನೇ ಮಾಡು, ನನಗಲ್ಲ. ನಾನು ಹತ್ರ ನಿಲ್ಲಲ್ಲ, ಮಧ್ಯೆ ಬಾಯಿ ಹಾಕಲ್ಲ, ಅಂಗಡಿಗೆ ಹೋಗ್ಬಿಟ್ಟಿರ್ತೀನಿ. ಹತ್ತಪ್ಪ ಅನ್ನು, ಸಾಕು. ಗುಂಡಣ್ಣ ತಾತ ಶಿಳ್ಳೆ ಹೊಡೆಯೋದು ಆರು ಗಂಟೆಗೆ, ಅದಕ್ಕಿಂತ ಮುಂಚೆ ಮಾಡು. ನಿಂಗೆ ಆಗ ನಾಲ್ಕೂವರೆ ಅಂತ ಗೊತ್ತು. ಎದ್ದೇಳು.